ಬೀಜದ ಕಾಳನ್ನು ಬೇಯಿಸಿದ ದಂಡು

ಬೇಸಾಯಗಾರನ ಮನೆಯಲ್ಲಿ ಎರಡು ಬಗೆಯ ಕಾಳು ಇರುತ್ತದೆ. ಒಂದು ಉಣ್ಣುವುದಕ್ಕೆ, ಇನ್ನೊಂದು ಬಿತ್ತುವುದಕ್ಕೆ. ಮಳೆ ತಪ್ಪಿ, ಕಣಜ ಬರಿದಾಗಿ, ಮಕ್ಕಳು ಹಸಿವಿನಿಂದ ಅಳುತ್ತಿರುವಾಗಲೂ ತಿಳಿದ ಗೃಹಿಣಿಯು ಬೂದಿ ಬೆರಸಿ ಅಟ್ಟದ ಮೇಲೆ ಕಟ್ಟಿಟ್ಟ ಬೀಜದ ಗಂಟಿಗೆ ಕೈಹಾಕುವುದಿಲ್ಲ. ನೆರೆಮನೆಗೆ ಹೋಗಿ ಸಾಲ ಕೇಳಿಯಾಳು, ಕಾಡಿನ ಗೆಡ್ಡೆಯನ್ನು ಬೇಯಿಸಿಯಾಳು. ಆ ಗಂಟನ್ನು ಬಿಚ್ಚಿದ ರಾತ್ರಿ ಮನೆಯವರು ಹೊಟ್ಟೆ ತುಂಬ ಉಂಡು ಮಲಗುವರೆಂಬುದು ನಿಜ. ಬರುವ ವರುಷದ ಹೊಲವು ಮಾತ್ರ ಅಂದೇ ಬೀಳು ಬಿದ್ದಿರುತ್ತದೆ.

೧೯೪೪ನೆಯ ಇಸವಿಯ ಆರಂಭದಲ್ಲಿ ಜರ್ಮನಿಯ ಸೇನಾಧಿಕಾರಿಗಳು ಇಂತಹುದೇ ಒಂದು ಗಂಟನ್ನು ಬಿಚ್ಚಿದರು. ಅದರಿಂದ ಹೊರಬಂದ ಪಡೆಗೆ ‘ಪಾಂಜರ್ ಲೇರ್’ ಡಿವಿಷನ್ ಎಂದು ಹೆಸರು. ಜರ್ಮನ್ ಭಾಷೆಯಲ್ಲಿ ‘ಪಾಂಜರ್’ ಎಂದರೆ ಕವಚ, ‘ಲೇರ್’ ಎಂದರೆ ಬೋಧನೆ. ಟ್ಯಾಂಕು ನಡೆಸುವುದನ್ನೂ ಅದರೊಡನೆ ಕಾದುವುದನ್ನೂ ಕಲಿಸುತ್ತಿದ್ದ ಪಾಠಶಾಲೆಗಳ ಉಪಾಧ್ಯಾಯರನ್ನೂ ಪ್ರಯೋಗ ತೋರಿಸುವ ಪಡೆಗಳನ್ನೂ ಒಟ್ಟುಗೂಡಿಸಿ ಕಟ್ಟಿದ ದಂಡು ಅದು. ಎರಡನೆಯ ಮಹಾಯುದ್ಧದಲ್ಲಿ ಜರ್ಮನರ ಆಯ್ದ ಕವಚದಳಗಳ ಪರಾಕ್ರಮವನ್ನು ಕುರಿತು ಬೇಕಾದಷ್ಟು ಪುಸ್ತಕಗಳು ಬಂದಿವೆ, ಇಂದಿಗೂ ಬರುತ್ತಲೇ ಇವೆ. ಎಲ್ಲದರಲ್ಲಿಯೂ ಉಕ್ಕಿನ ವರ್ಣನೆಯೇ ಹೆಚ್ಚು. ನಾವು ಇಲ್ಲಿ ಹೇಳಹೊರಟಿರುವುದು ಉಕ್ಕಿನೊಳಗೆ ಕುಳಿತವರು ಎಲ್ಲಿಂದ ಬಂದರು, ಎಲ್ಲಿಗೆ ಹೋದರು ಎಂಬ ಲೆಕ್ಕವನ್ನು.

ಮೊದಲು ಪಾಂಜರ್ ಡಿವಿಷನ್ ಎಂದರೇನೆಂಬುದನ್ನು ತಿಳಿಯಬೇಕು. ಬಾಲ್ಯದಲ್ಲಿ ಅಮರಕೋಶವನ್ನು ಬಾಯಿಪಾಠ ಮಾಡಿದವರಿಗೆ ಇದು ಕಷ್ಟವಲ್ಲ. ಒಂದು ರಥ, ಒಂದು ಆನೆ, ಮೂರು ಕುದುರೆ, ಐವರು ಕಾಲಾಳುಗಳು ಸೇರಿದರೆ ಒಂದು ‘ಪತ್ತಿ’ ಎಂದು ಅಲ್ಲಿ ಲೆಕ್ಕವಿದೆ. ಅದನ್ನೇ ಮೂರು ಮೂರರಂತೆ ಗುಣಿಸುತ್ತ ಹೋದರೆ ಸೇನಾಮುಖ, ಗುಲ್ಮ, ಗಣ, ಕಡೆಗೆ ಅಕ್ಷೌಹಿಣಿ. ರಥವು ಎಂದೂ ಒಂಟಿಯಾಗಿ ಹೋಗತಕ್ಕದ್ದಲ್ಲವೆಂಬುದೇ ಆ ಲೆಕ್ಕದ ಒಳಗುಟ್ಟು. ಒಂದನೆಯ ಮಹಾಯುದ್ಧದ ಕೊನೆಗೆ ಟ್ಯಾಂಕುಗಳನ್ನು ಮೊದಲು ಬಳಸಿದ ಆಂಗ್ಲರೂ ಫ್ರೆಂಚರೂ ಮುಂದೆ ಈ ಗುಟ್ಟನ್ನು ಬಹುಮಟ್ಟಿಗೆ ಮರೆತರು. ಟ್ಯಾಂಕುಗಳನ್ನು ಕಾಲ್ದಳದ ಹಿಂದೆ ಚೂರುಚೂರಾಗಿ ಹಂಚಿಬಿಡುವುದೋ, ಅಥವಾ ಟ್ಯಾಂಕುಗಳನ್ನಷ್ಟೇ ಒಟ್ಟುಗೂಡಿಸಿ ಓಡಿಸುವುದೋ ಅವರ ಪದ್ಧತಿಯಾಯಿತು. ಸೋತ ಜರ್ಮನರು ಮಾತ್ರ ಕಾಲ್ದಳ, ತೋಪು, ಸೇತುವೆ ಕಟ್ಟುವ ಇಂಜಿನಿಯರರು, ನಿಸ್ತಂತು ವಾರ್ತೆಯವರು, ದುರಸ್ತಿಯ ಕಮ್ಮಾರರು ಎಲ್ಲರನ್ನೂ ಟ್ಯಾಂಕಿನ ವೇಗಕ್ಕೆ ಏರಿಸಿ ಒಂದೇ ಮನೆಯವರನ್ನಾಗಿ ಮಾಡಿದರು. ಪಾಂಜರ್ ಡಿವಿಷನ್ನೆಂದರೆ ಇಷ್ಟೆ.

ಇದನ್ನು ಅವರು ಕಲಿತುದೂ ವಿಚಿತ್ರವಾದ ರೀತಿಯಲ್ಲಿ. ೧೯೧೯ರ ವರ್ಸೇಲ್ಸ್ ಒಪ್ಪಂದದ ಮೇರೆಗೆ ಜರ್ಮನಿಯು ಒಂದು ಲಕ್ಷಕ್ಕಿಂತ ಹೆಚ್ಚು ಸೈನಿಕರನ್ನು ಇಡಕೂಡದು, ಟ್ಯಾಂಕುಗಳನ್ನಂತೂ ಇಟ್ಟುಕೊಳ್ಳಲೇಕೂಡದು. ಅವರ ಅಧಿಕಾರಿಗಳು ತಗಡು ಹೊದಿಸಿದ ಮೋಟಾರುಗಾಡಿಗಳನ್ನು ಟ್ಯಾಂಕುಗಳೆಂದು ಭಾವಿಸಿ ಕವಾಯತು ಮಾಡುತ್ತಿದ್ದರು. ೧೯೨೯ರಿಂದ ೧೯೩೩ರವರೆಗೆ ರಷ್ಯಾದ ಕಜಾನ್ ನಗರದ ಹತ್ತಿರ ‘ಕಾಮಾ’ ಎಂಬ ಗುಪ್ತ ಪಾಠಶಾಲೆಯೊಂದನ್ನು ನಡೆಸಿದರು. ಮುಂದೆ ಒಬ್ಬರನ್ನೊಬ್ಬರು ಸುಡಬೇಕಾಗಿದ್ದವರು ಅಲ್ಲಿ ಒಂದೇ ಬಯಲಿನಲ್ಲಿ ಪಾಠ ಕಲಿತರು. ೧೯೩೫ರ ಅಕ್ಟೋಬರಿನಲ್ಲಿ ಮೊದಲ ಮೂರು ಪಾಂಜರ್ ಡಿವಿಷನ್ನುಗಳು ಹುಟ್ಟಿದವು. ವ್ಯೂರ್ಟ್ಸ್‌ಬುರ್ಗಿನಲ್ಲಿ ನೆಲೆಸಿದ ಎರಡನೆಯದಕ್ಕೆ ಹೈನ್ಸ್ ಗುಡೇರಿಯನ್ ಎಂಬಾತನು ನಾಯಕ. ಈತನ ಹೆಸರು ಮುಂದೆ ಮತ್ತೆ ಬರುವುದರಿಂದ ಓದುಗರು ನೆನಪಿನಲ್ಲಿಟ್ಟುಕೊಳ್ಳಬೇಕು. ಇಷ್ಟರಿಂದ ಸ್ಪಷ್ಟವಾಗುವುದೇನೆಂದರೆ, ಜರ್ಮನರ ಬಳಿ ಟ್ಯಾಂಕುಗಳಿಗಿಂತ ಮೊದಲು ಪಾಠಶಾಲೆ ಇತ್ತು.

೧೯೪೦ರ ಮೇ ತಿಂಗಳಲ್ಲಿ ಆ ಪಾಠಶಾಲೆಯ ಫಲವನ್ನು ಲೋಕವು ಕಂಡಿತು. ಮೇ ೧೩ರಂದು ಸೆಡಾನಿನ ಬಳಿ ಮ್ಯೂಸ್ ನದಿಯನ್ನು ದಾಟಿದ ದಂಡು ೨೦ರಂದು ಅಬೆವಿಲ್ಲನ್ನು ಹಿಡಿದು ಸಮುದ್ರದ ದಂಡೆಯನ್ನು ಮುಟ್ಟಿತು. ಫ್ರಾನ್ಸಿನ ಅತ್ಯುತ್ತಮ ಸೈನ್ಯವೂ ಆಂಗ್ಲರ ದಂಡೂ ಬೋನಿನಲ್ಲಿ ಸಿಕ್ಕಿದವು. ಎದುರಾಳಿಗಳ ಕಡೆ ಟ್ಯಾಂಕುಗಳು ಕಡಿಮೆಯಾಗಿದ್ದವೆಂದು ಯಾರೂ ತಿಳಿಯಬಾರದು. ಅವರ ಸಂಖ್ಯೆಯೇ ಹೆಚ್ಚು, ಫ್ರೆಂಚರ ಟ್ಯಾಂಕುಗಳಲ್ಲಿ ಹಲವಕ್ಕೆ ದಪ್ಪನೆಯ ಕವಚವೂ ಇದ್ದಿತು. ಆದರೆ ಜರ್ಮನರ ಒಂದೊಂದು ಟ್ಯಾಂಕಿನಲ್ಲಿಯೂ ನಿಸ್ತಂತು ಯಂತ್ರವಿತ್ತು, ಅದನ್ನು ಬಳಸಬಲ್ಲ ಶಿಕ್ಷಣವನ್ನು ಒಳಗಿನವರು ಪಡೆದಿದ್ದರು. ಅವರ ಸುಬೇದಾರನು ಮೇಲಿನವರ ಅಪ್ಪಣೆಗಾಗಿ ಕಾಯದೆ ಸಮಯೋಚಿತವಾಗಿ ನಿರ್ಧರಿಸಬಲ್ಲವನಾಗಿದ್ದನು.

ಈ ಜಯಘೋಷದಲ್ಲಿ ಮುಚ್ಚಿಹೋದ ಒಂದು ಸಂಗತಿಯನ್ನು ಹೇಳಲೇಬೇಕು. ಅಂದು ಪಶ್ಚಿಮದಲ್ಲಿ ಜರ್ಮನಿಯು ನಿಲ್ಲಿಸಿದ್ದ ಸುಮಾರು ೧೩೫ ಡಿವಿಷನ್ನುಗಳಲ್ಲಿ ಪಾಂಜರುಗಳು ೧೦ ಮಾತ್ರ. ಉಳಿದವರಲ್ಲಿ ಬಹುಪಾಲು ಜನ ನೆಪೋಲಿಯನ್ನನ ಕಾಲದವರಂತೆ ಕಾಲುನಡಿಗೆಯಲ್ಲಿ ಹೋದರು, ಅವರ ತೋಪುಗಳನ್ನು ಕುದುರೆಗಳೇ ಎಳೆದುವು. ಮರುವರುಷ ರಷ್ಯಾದ ಮೇಲೆ ನುಗ್ಗಿದಾಗ ಆ ಸೈನ್ಯದೊಂದಿಗೆ ಆರು ಲಕ್ಷಕ್ಕೂ ಮೇಲ್ಪಟ್ಟು ಕುದುರೆಗಳಿದ್ದುವು. ‘ಯಂತ್ರಸೈನ್ಯ’ವೆಂಬ ಪ್ರಚಾರದ ಚಿತ್ರಗಳಲ್ಲಿ ಆ ಕುದುರೆಗಳು ಕಾಣವು. ಅಂದರೆ ಪಾಂಜರ್ ಡಿವಿಷನ್ನುಗಳೆಲ್ಲವೂ ಹುಟ್ಟಿನಿಂದಲೇ ಆಯ್ದ ದಳಗಳು. ಇಡೀ ಸೈನ್ಯದ ಪೆಟ್ರೋಲು, ಯಂತ್ರ, ಚುರುಕಾದ ಹುಡುಗರು ಇವೆಲ್ಲವನ್ನೂ ಹಿಂಡಿ ಹಿಂಡಿ ಅವುಗಳೊಳಕ್ಕೆ ತುಂಬಿದ್ದರು. ಈಟಿಯ ಮೊನೆ ಉಕ್ಕಿನದು, ಹಿಡಿಯು ಹಳೆಯ ಬಿದಿರಿನದು. ೧೯೪೧ಕ್ಕೆ ಮುಂಚೆ ಹಿಟ್ಲರನು ಡಿವಿಷನ್ನುಗಳ ಸಂಖ್ಯೆಯನ್ನು ಇಮ್ಮಡಿಯಾಗಿ ೨೦ಕ್ಕೆ ಏರಿಸಿದನು. ಒಂದೊಂದರಲ್ಲಿದ್ದ ಟ್ಯಾಂಕುಗಳನ್ನು ಹೆಚ್ಚುಕಡಿಮೆ ಅರ್ಧಕ್ಕೆ ಇಳಿಸಿಯೇ ಇದು ಸಾಧ್ಯವಾದದ್ದು. ಸರಕಾರಿ ಕಾಗದಗಳಲ್ಲಿ ಇಂತಹ ಅಭಿವೃದ್ಧಿಯನ್ನು ಕಂಡು ಬಲ್ಲ ಅಧಿಕಾರಿಗಳು ನಮ್ಮ ಓದುಗರಲ್ಲಿಯೂ ಅನೇಕರಿದ್ದಾರೆ.

ಇಲ್ಲಿ ನಮ್ಮವರ ಮಾತೂ ಬರುತ್ತದೆ. ಆಫ್ರಿಕದ ಮರುಭೂಮಿಯಲ್ಲಿ ರೊಮ್ಮೆಲನ ಕೈಕೆಳಗಿದ್ದ ೧೫ನೆಯ ಮತ್ತು ೨೧ನೆಯ ಪಾಂಜರ್ ಡಿವಿಷನ್ನುಗಳ ಕೀರ್ತಿಯನ್ನು ಎಲ್ಲರೂ ಕೇಳಿದ್ದಾರೆ. ೧೯೪೨ರ ಜುಲೈ ೧ರಂದು ಅವು ಈಜಿಪ್ಟಿನ ಬಾಗಿಲಾದ ಎಲ್ ಅಲಮೇನಿನ ಕಡೆಗೆ ನುಗ್ಗಿದಾಗ ದೈರ್ ಎಲ್ ಶೇನ್ ಎಂಬ ತಗ್ಗಿನಲ್ಲಿ ೧೮ನೆಯ ಭಾರತೀಯ ಬ್ರಿಗೇಡು ಅಡ್ಡಲಾಗಿತ್ತು. ಇರಾಕಿನಿಂದ ಅವಸರದಲ್ಲಿ ಬಂದು, ಅರೆಬರೆ ತೋಡಿದ ಕಂದಕಗಳಲ್ಲಿ ನಿಂತ ಪಡೆ ಅದು. ಸಿಖ್ಖರು, ಗೂರ್ಖರು, ಒಂದು ಆಂಗ್ಲ ಬೆಟಾಲಿಯನ್ನು. ದಿನವೆಲ್ಲ ಕಾದಿ ಸಂಜೆಗೆ ಆ ಬ್ರಿಗೇಡು ನಾಶವಾಯಿತು. ಆದರೆ ಜರ್ಮನರಲ್ಲಿ ಅಂದು ಉಳಿದಿದ್ದ ೫೫ ಟ್ಯಾಂಕುಗಳಲ್ಲಿ ೧೮ ಅಲ್ಲಿಯೇ ಕೆಟ್ಟು ನಿಂತವು, ಆ ಒಂದು ದಿನದ ವಿಳಂಬದಲ್ಲಿ ಹಿಂದಿನ ಸಾಲು ಗಟ್ಟಿಯಾಯಿತು. ತಮ್ಮ ದೇಶವನ್ನು ಕೇಳದೆಯೇ ಸಾರಲ್ಪಟ್ಟ ಯುದ್ಧದಲ್ಲಿ ಅವರು ಮಡಿದರೆಂಬ ನೋವು ಒಂದು ಕಡೆ. ಅಲಮೇನಿನ ಚರಿತ್ರೆಯನ್ನು ಬರೆಯುವವರು ಅವರಿಗೆ ಒಂದು ಪುಟವನ್ನಾದರೂ ಕೊಡದೆ ಹೋಗುವುದು ಇನ್ನೊಂದು. ಮರುವರುಷ, ೧೯೪೩ರ ಮೇ ೧೨ರಂದು, ಟ್ಯುನೀಸಿಯದಲ್ಲಿ ಜರ್ಮನ್ ಸೇನಾಪತಿ ಫಾನ್ ಆರ್ನಿಮ್ ಶರಣಾಗಿ ಬಂದುದು ನಾಲ್ಕನೆಯ ಭಾರತೀಯ ಡಿವಿಷನ್ನಿನವರ ಬಳಿಗೆ. ಆ ಶರಣಾಗತಿಯಲ್ಲಿ ೧೦, ೧೫, ೨೧ನೆಯ ಪಾಂಜರ್ ಡಿವಿಷನ್ನುಗಳು ಮುಗಿದುವು. ಅದೇ ವರುಷದ ಆರಂಭದಲ್ಲಿ ಸ್ಟಾಲಿನ್‌ಗ್ರಾಡಿನಲ್ಲಿ ೧೪, ೧೬, ೨೪ನೆಯವು ಮುಗಿದಿದ್ದುವು.

ಈ ಆರೂ ಡಿವಿಷನ್ನುಗಳಲ್ಲಿ ಹೆಚ್ಚಿನವನ್ನು ಅವೇ ಹೆಸರುಗಳಿಂದ ಮತ್ತೆ ಕಟ್ಟಿದರು. ಹೆಸರು ಬರೆಯುವುದಕ್ಕೆ ಶಾಯಿ ಸಾಕು. ಹತ್ತು ವರುಷದ ವಿದ್ಯೆಯಿದ್ದ ಸುಬೇದಾರನನ್ನು ಎಲ್ಲಿಂದ ತರುವುದು? ಜರ್ಮನರ ಒಂದು ಹಳೆಯ ಪದ್ಧತಿ ಬಹಳ ಒಳ್ಳೆಯದಾಗಿತ್ತು. ರಣರಂಗದಲ್ಲಿ ಗಾಯಗೊಂಡು ಗುಣವಾದ ಅನುಭವಿಗಳನ್ನು ಕೆಲವು ಕಾಲ ಪಾಠಶಾಲೆಗೆ ಕಳುಹಿಸುವರು. ನೆನ್ನೆ ತಾನೇ ಬೆಂಕಿಯನ್ನು ಕಂಡುಬಂದವನು ನಾಳೆ ಬೆಂಕಿಗೆ ಹೋಗುವವನಿಗೆ ಪಾಠ ಹೇಳುವನು. ಸೈನ್ಯದ ನಿಜವಾದ ಬೀಜದ ಗಂಟು ಅದು. ಸ್ಟಾಲಿನ್‌ಗ್ರಾಡಿನ ದಿಗ್ಬಂಧನದ ಕಾಲದಲ್ಲಿಯೇ ವಿಮಾನ ಇಲಾಖೆಯು ತನ್ನ ಗಂಟಿಗೆ ಕೈಹಾಕಿತ್ತು. ಒಳಗೆ ಸಿಕ್ಕಿದ ಸೈನ್ಯಕ್ಕೆ ಆಹಾರ ಸಾಗಿಸಲು ವೈಮಾನಿಕ ಪಾಠಶಾಲೆಗಳ ವಿಮಾನಗಳನ್ನೂ ಬೋಧಕರನ್ನೂ ತೆಗೆದುಕೊಂಡು ಹೋದರು. ಸುಮಾರು ಐನೂರು ವಿಮಾನಗಳು ಹಿಂದಿರುಗಲಿಲ್ಲ, ಸೈನ್ಯವೂ ಉಳಿಯಲಿಲ್ಲ.

ಇಷ್ಟರಲ್ಲಿ ಆಯ್ದ ದಳಗಳೊಳಗೂ ಇನ್ನೂ ಆಯ್ದ ದಳಗಳು ತಲೆಯೆತ್ತಿದ್ದುವು. ಸೈನ್ಯದ ಕಡೆಯಿಂದ ‘ಗ್ರೋಸ್‌ಡಾಯ್ಚ್‌ಲಾಂಡ್’, ನಾಜಿ ಪಕ್ಷದ ಕಡೆಯಿಂದ ಎಸ್.ಎಸ್. ಡಿವಿಷನ್ನುಗಳು. ಎಸ್.ಎಸ್. ಹೆಸರಿನಲ್ಲಿ ಕಡೆಗೆ ೩೮ ಡಿವಿಷನ್ನುಗಳಿಗೆ ಸಂಖ್ಯೆ ಬಿತ್ತು. ಅವುಗಳಲ್ಲಿ ಪಾಂಜರುಗಳು ಏಳೇ. ಹೊಸ ಟ್ಯಾಂಕುಗಳು ಬಂದರೆ ಮೊದಲು ಇವರ ಪಾಲು. ೧೯೪೩ರ ಜುಲೈಯಲ್ಲಿ ಕೂರ್ಸ್ಕಿನ ಮೇಲೆ ಬಿದ್ದಾಗ ಇವರನ್ನೇ ಮೊನೆಗೆ ಹಾಕಿದರು. ಅಲ್ಲಿಯೂ ರಷ್ಯನ್ನರ ಗೋಡೆ ಬಿರಿಯಲಿಲ್ಲ.

ಇವರ ಶೌರ್ಯದ ಕಥೆಗಳನ್ನು ಹೇಳುವವರು ಸಾಮಾನ್ಯವಾಗಿ ಬಿಟ್ಟುಬಿಡುವ ಪುಟಗಳೂ ಉಂಟು. ‘ಟೋಟನ್‌ಕೋಫ್’ ದಳದವರು ೧೯೪೦ರ ಮೇ ೨೭ರಂದು ಲ ಪಾರಾಡಿಯಲ್ಲಿ ಶರಣಾದ ೯೭ ಆಂಗ್ಲ ಸೈನಿಕರನ್ನು ಕೊಟ್ಟಿಗೆಯ ಗೋಡೆಯ ಪಕ್ಕದಲ್ಲಿ ನಿಲ್ಲಿಸಿ ಕೊಂದರು. ‘ಹಿಟ್ಲರ್ ಯೂಗೆಂಟ್’ ದಳದವರು ೧೯೪೪ರ ಜೂನಿನಲ್ಲಿ ನಾರ್ಮಂಡಿಯಲ್ಲಿ ನೂರಕ್ಕೂ ಮಿಕ್ಕ ಕೆನಡಾದ ಸೆರೆಯಾಳುಗಳನ್ನು ಕೊಂದರು. ‘ದಾಸ್ ರೈಖ್’ ಪಾಂಜರ್ ಡಿವಿಷನ್ನಿನವರು ಜೂನ್ ೧೦ರಂದು ಓರಾದೂರ್ ಎಂಬ ಫ್ರೆಂಚ್ ಗ್ರಾಮದಲ್ಲಿ ಗಂಡಸರನ್ನು ಕಣಜಗಳಲ್ಲಿ ಕೂಡಿಹಾಕಿ ಗುಂಡಿಟ್ಟು, ಹೆಂಗಸರನ್ನೂ ಮಕ್ಕಳನ್ನೂ ಇಗರ್ಜಿಯಲ್ಲಿ ಸುಟ್ಟರು. ಸತ್ತವರು ೬೪೦ಕ್ಕೂ ಹೆಚ್ಚು. ಅದೇ ಡಿಸೆಂಬರಿನಲ್ಲಿ ಮಾಲ್ಮೆಡಿಯ ಬಳಿ ಸೆರೆಸಿಕ್ಕ ೮೪ ಅಮೆರಿಕನ್ನರು ಹತರಾದರು. ಈ ಕೊನೆಯ ಅಪರಾಧಕ್ಕಾಗಿ ೧೯೪೬ರಲ್ಲಿ ೪೩ ಜನರಿಗೆ ಮರಣದಂಡನೆ ವಿಧಿಸಲ್ಪಟ್ಟಿತು. ಒಂದೂ ಜಾರಿಯಾಗಲಿಲ್ಲ. ಆಯ್ದವರೆಂದರೆ ಶಸ್ತ್ರದಲ್ಲಿ ಆಯ್ದವರೆಂದಷ್ಟೇ ಅರ್ಥ. ಧರ್ಮದಲ್ಲಿ ಆಯ್ದವರೆಂದು ಯಾರೂ ಎಣಿಸದಿರಲಿ.

ಈಗ ಬೋಧಕರ ದಂಡಿಗೆ ಬರೋಣ. ೧೯೪೩ರ ಕೊನೆಯಲ್ಲಿ ಆಂಗ್ಲರೂ ಅಮೆರಿಕನ್ನರೂ ಮರುವರುಷ ಫ್ರಾನ್ಸಿನ ದಂಡೆಯಲ್ಲಿ ಇಳಿಯುವುದು ನಿಶ್ಚಯವೆಂದು ಬರ್ಲಿನಿಗೆ ಗೊತ್ತಿತ್ತು. ಇಳಿದ ಮೊದಲ ದಿನಗಳಲ್ಲಿಯೇ ಅವರನ್ನು ಮರಳಿ ಸಮುದ್ರಕ್ಕೆ ತಳ್ಳಬೇಕು, ಅದಕ್ಕೆ ಎಲ್ಲಕ್ಕಿಂತ ಉತ್ತಮವಾದ ಒಂದು ಡಿವಿಷನ್ ಬೇಕು. ಡಿಸೆಂಬರಿನ ಕೊನೆಯಲ್ಲಿ ಆಜ್ಞೆಯಾಯಿತು; ಜನವರಿಯಿಂದ ಪೂರ್ವ ಫ್ರಾನ್ಸಿನ ನಾನ್ಸಿ ಮತ್ತು ವರ್ಡನ್ ಪ್ರಾಂತದಲ್ಲಿ ಪಾಠಶಾಲೆಗಳ ಪಡೆಗಳು ಬಂದು ಸೇರಿದವು. ಈ ವೇಳೆಗೆ ಕವಚದಳಗಳೆಲ್ಲಕ್ಕೂ ಮಹಾ ತಪಾಸಣಾಧಿಕಾರಿಯಾಗಿದ್ದವನು ಅದೇ ಗುಡೇರಿಯನ್. ಪಾಠಶಾಲೆಗಳನ್ನು ಕಾಯುವುದು ಆತನ ಹುದ್ದೆಯ ಮೊದಲ ಕರ್ತವ್ಯ. ತೋಟಗಾರನೇ ಬೇಲಿಯನ್ನು ಕಿತ್ತು ಒಲೆಗೆ ಹಾಕಿದಂತಾಯಿತು. ಆತನನ್ನು ಪೂರ್ತಿಯಾಗಿ ದೂಷಿಸುವುದೂ ನ್ಯಾಯವಲ್ಲ. ಮನೆಯೇ ಉರಿಯುತ್ತಿರುವಾಗ ಬೇಲಿಯ ವಿಚಾರ ಯಾರಿಗೆ ಬೇಕು? ಈ ಒಂದು ಡಿವಿಷನ್ನಿನಿಂದಲೇ ಶತ್ರುವನ್ನು ಸಮುದ್ರಕ್ಕೆ ನೂಕಬೇಕೆಂದು ಆತನು ಅದರ ನಾಯಕನಿಗೆ ಹೇಳಿದನೆಂದು ಪ್ರತೀತಿ.

ಆ ನಾಯಕನು ಫ್ರಿಟ್ಸ್ ಬೈಯರ್‌ಲೈನ್. ವ್ಯೂರ್ಟ್ಸ್‌ಬುರ್ಗಿನಲ್ಲಿ ೧೮೯೯ರಲ್ಲಿ ಹುಟ್ಟಿದವನು. ದೈರ್ ಎಲ್ ಶೇನಿನ ಮೇಲೆ ನುಗ್ಗಿದ ಆಫ್ರಿಕಾ ಕೋರ್ ದಂಡಿನಲ್ಲಿ ಮುಖ್ಯ ಸಚಿವನಾಗಿದ್ದವನು. ಟ್ಯುನೀಸಿಯದ ಶರಣಾಗತಿಗೆ ಮುಂಚೆಯೇ ಅನಾರೋಗ್ಯದಿಂದ ಆಫ್ರಿಕವನ್ನು ಬಿಟ್ಟಿದ್ದನು. ಆತನ ಕೈಗೆ ಬಂದ ಡಿವಿಷನ್ನಿನಂತಹುದು ಜರ್ಮನಿಯಲ್ಲಿ ಇನ್ನೊಂದಿರಲಿಲ್ಲ. ಸುಮಾರು ೧೪,೭೦೦ ಜನ. ನೂರೆಂಬತ್ತಕ್ಕೂ ಹೆಚ್ಚು ಟ್ಯಾಂಕುಗಳು. ಇತರ ಪಾಂಜರ್ ಡಿವಿಷನ್ನುಗಳಲ್ಲಿ ಕಾಲ್ದಳದ ನಾಲ್ಕು ಬೆಟಾಲಿಯನ್ನುಗಳಲ್ಲಿ ಒಂದಕ್ಕೆ ಮಾತ್ರ ಕವಚಗಾಡಿ ಸಿಕ್ಕಿದರೆ ಅದೇ ಭಾಗ್ಯ, ಉಳಿದವರಿಗೆ ಲಾರಿಗಳು. ಇಲ್ಲಿ ಕಾಲ್ದಳದವರೆಲ್ಲರೂ ಕವಚಗಾಡಿಗಳಲ್ಲಿಯೇ ಕುಳಿತಿದ್ದರು. ಮುಂದೆ ಗಾಲಿ, ಹಿಂದೆ ಸರಪಳಿಪಟ್ಟಿ ಇರುವ ಆ ಗಾಡಿಗಳು ಆರುನೂರಕ್ಕೂ ಮಿಕ್ಕಿದ್ದುವು.

ದ್ರೋಣಾಚಾರ್ಯನು ಶಿಷ್ಯರಿಗೆ ವಿದ್ಯೆ ಹೇಳುವುದನ್ನು ಬಿಟ್ಟು ತಾನೇ ಸೇನಾಪತಿಯ ಪಟ್ಟ ಕಟ್ಟಿಸಿಕೊಂಡಾಗ ಕೌರವನಿಗೆ ಎಷ್ಟು ಸಂತೋಷವಾಗಿತ್ತೋ ಬರ್ಲಿನಿಗೂ ಅಷ್ಟೇ ಸಂತೋಷವಾಗಿರಬೇಕು. ಐದು ದಿನ ಆಚಾರ್ಯನು ಭಯಂಕರವಾಗಿ ಕಾದಿದನೆಂಬುದೂ ನಮಗೆ ಗೊತ್ತಿರುವ ಕಥೆಯೇ.

ಈ ಡಿವಿಷನ್ನಿನ ಮೊದಲ ಕೆಲಸ ಯುದ್ಧವೇ ಅಲ್ಲ. ೧೯೪೪ರ ಮಾರ್ಚಿಯಲ್ಲಿ ಹಂಗೆರಿಯು ಪಕ್ಷ ಬದಲಾಯಿಸುವುದೆಂಬ ಶಂಕೆಯಿಂದ ಹಿಟ್ಲರನು ಆ ಮಿತ್ರರಾಷ್ಟ್ರವನ್ನೇ ಆಕ್ರಮಿಸಿದನು. ಅದಕ್ಕೆ ಹೋದ ಪಡೆಗಳಲ್ಲಿ ಬೋಧಕರ ಡಿವಿಷನ್ನೂ ಒಂದು. ಗುಂಡು ಹಾರುವ ಪ್ರಸಂಗವೇ ಬಾರದೆ ಕೆಲಸ ಮುಗಿಯಿತು. ಸಿಪಾಯಿಗಳಿಗೆ ಅದೊಂದು ವಸಂತಕಾಲದ ಪ್ರವಾಸದಂತಿದ್ದೀತು. ಆದರೆ ಆ ಆಕ್ರಮಣವು ತೆರೆದ ಬಾಗಿಲಿನಿಂದ ಐಷ್‌ಮನ್ನನೂ ಒಳಹೊಕ್ಕನು. ಮೇ ಮಧ್ಯದಿಂದ ಜುಲೈ ಮೊದಲ ವಾರದವರೆಗೆ ಹಂಗೆರಿಯಿಂದ ನಾಲ್ಕು ಲಕ್ಷಕ್ಕೂ ಮೇಲ್ಪಟ್ಟ ಯಹೂದ್ಯರನ್ನು ರೈಲಿಗೆ ತುಂಬಿ, ಬಹುತೇಕರನ್ನು ಆಷ್‌ವಿಟ್ಸಿನ ವಿಷಧೂಮದ ಕೋಣೆಗಳಿಗೆ ಕಳುಹಿಸಿದರು. ಆ ಹೊತ್ತಿಗೆ ಬೈಯರ್‌ಲೈನನ ಟ್ಯಾಂಕುಗಳು ಫ್ರಾನ್ಸಿಗೆ ಹಿಂದಿರುಗಿದ್ದುವು. ಪಾಂಜರ್ ಚರಿತ್ರೆಗಳಲ್ಲಿ ಈ ಪ್ರವಾಸಕ್ಕೆ ಎರಡು ಸಾಲು ಸಿಕ್ಕಿದರೆ ಹೆಚ್ಚು.

ಜೂನ್ ೬ರಂದು ಶತ್ರುವು ನಾರ್ಮಂಡಿಯಲ್ಲಿ ಇಳಿದನು. ಎಲ್ಲಕ್ಕಿಂತ ಉತ್ತಮವಾದ ಡಿವಿಷನ್ ದಂಡೆಯಿಂದ ನೂರು ಮೈಲಿಯಷ್ಟು ಹಿಂದೆ ಇತ್ತು. ಅದನ್ನು ಚಲಿಸುವ ಅಧಿಕಾರ ಹಿಟ್ಲರನೊಬ್ಬನಿಗೇ, ಹಿಟ್ಲರನು ನಿದ್ರೆಯಲ್ಲಿದ್ದನು. ರೊಮ್ಮೆಲನು ಹೆಂಡತಿಯ ಹುಟ್ಟುಹಬ್ಬಕ್ಕೆಂದು ಜರ್ಮನಿಗೆ ಹೋಗಿದ್ದನು. ಡಿವಿಷನ್ನಿನ ಪ್ಯಾಂಥರ್ ಟ್ಯಾಂಕುಗಳ ಬೆಟಾಲಿಯನ್ನನ್ನು ಆಗಷ್ಟೇ ರೈಲಿಗೆ ಹೇರಿ ಪೂರ್ವದ ಕಡೆಗೆ ಕಳುಹಿಸಿದ್ದರು. ಅದನ್ನು ದಾರಿಯಿಂದ ಹಿಂದಕ್ಕೆ ಕರೆಯಬೇಕಾಯಿತು. ಅಪ್ಪಣೆ ಬಂದುದು ಮಧ್ಯಾಹ್ನ ಕಳೆದ ಮೇಲೆ. ಕತ್ತಲಾಗುವವರೆಗೆ ಕಾಯೋಣ, ಆಕಾಶವೆಲ್ಲ ಶತ್ರುವಿನ ವಿಮಾನಗಳು ಎಂದು ಬೈಯರ್‌ಲೈನನು ಬೇಡಿದನು. ಮೇಲಿನ ಅಧಿಕಾರಿಯಾದ ಡೋಲ್‌ಮನ್ ಒಪ್ಪಲಿಲ್ಲ. ಹಾಡುಹಗಲಿನಲ್ಲಿ ಮೈಲಿಗಟ್ಟಲೆ ಉದ್ದದ ಸಾಲುಗಳು ಫ್ರಾನ್ಸಿನ ನೇರವಾದ ರಸ್ತೆಗಳಲ್ಲಿ ಹೊರಟವು.

ಈ ಪಯಣದಲ್ಲಿ ೫ ಟ್ಯಾಂಕುಗಳು, ೮೪ ಕವಚಗಾಡಿಗಳು ಮತ್ತು ತೋಪುಗಾಡಿಗಳು, ೧೩೦ ಲಾರಿಗಳು ಸುಟ್ಟುಹೋದುವೆಂದು ಯುದ್ಧಾನಂತರ ಬೈಯರ್‌ಲೈನನು ಲೆಕ್ಕ ಕೊಟ್ಟನು. ಎಲ್ಲ ಪುಸ್ತಕಗಳೂ ಆ ಲೆಕ್ಕವನ್ನೇ ಬರೆದವು. ಮುಂದೆ ಡಿವಿಷನ್ನಿನ ಆ ಕಾಲದ ಕಾಗದಗಳನ್ನೇ ಬಿಡಿಸಿ ನೋಡಿದ ವಿದ್ವಾಂಸರಿಗೆ ಅಷ್ಟು ನಷ್ಟ ಕಾಣಲಿಲ್ಲ. ಸೋತ ಸೇನಾಪತಿಯು ಸೋಲಿನ ಹೊರೆಯನ್ನು ಆಕಾಶದ ಮೇಲೆ ಹೊರಿಸುವುದು ಸ್ವಾಭಾವಿಕ. ದೊಡ್ಡ ನಷ್ಟವಾದುದು ಕಾಲದ್ದು. ಡಿವಿಷನ್ ತುಂಡುತುಂಡಾಗಿ, ಎರಡು ಮೂರು ದಿನ ತಡವಾಗಿ ರಣರಂಗವನ್ನು ಸೇರಿತು. ಸಮುದ್ರಕ್ಕೆ ತಳ್ಳಬೇಕಾದ ಶತ್ರುವು ಅಷ್ಟರಲ್ಲಿ ನೆಲದಲ್ಲಿ ಬೇರು ಬಿಟ್ಟಿದ್ದನು.

ಅಲ್ಲಿಂದ ಮುಂದೆ ನಡೆದುದು ಟ್ಯಾಂಕುಯುದ್ಧವೆಂದು ಹೇಳುವಂತಿಲ್ಲ. ತಿಲ್ಲಿ ಎಂಬ ಸಣ್ಣ ಊರಿನ ಸುತ್ತ, ಎತ್ತರವಾದ ಬೇಲಿಗಳೂ ಹಳ್ಳಬಿದ್ದ ಓಣಿಗಳೂ ತುಂಬಿದ ಪ್ರದೇಶದಲ್ಲಿ, ಮಿಂಚಿನಂತೆ ಓಡುವುದಕ್ಕೆಂದು ತರಬೇತಾದ ದಂಡು ಕಾಲ್ದಳದಂತೆ ಕಂದಕದಲ್ಲಿ ಕುಳಿತು ಕಾದಿತು. ಚೆನ್ನಾಗಿಯೇ ಕಾದಿತು, ಆಂಗ್ಲರು ಆ ಊರಿಗಾಗಿ ಹತ್ತು ದಿನಕ್ಕೂ ಹೆಚ್ಚು ಹೆಣಗಿದರು. ಜೂನ್ ಒಂದರಲ್ಲಿಯೇ ಡಿವಿಷನ್ನಿನಲ್ಲಿ ಸತ್ತವರೂ ಗಾಯಗೊಂಡವರೂ ಕಾಣೆಯಾದವರೂ ಸೇರಿ ಸುಮಾರು ಮೂರು ಸಾವಿರ. ಒಂದು ಸಾಮಾನ್ಯ ಡಿವಿಷನ್ನಿನಲ್ಲಿ ಮೂರು ಸಾವಿರ ಹೋದರೆ ಮೂರು ಸಾವಿರ ಸಿಪಾಯಿಗಳು ಹೋದರೆಂದು ಬರೆದುಕೊಳ್ಳಬಹುದು. ಇಲ್ಲಿ ಸತ್ತವರಲ್ಲಿ ಒಬ್ಬೊಬ್ಬ ಬೋಧಕನೂ ವರುಷಕ್ಕೆ ಎಷ್ಟು ಜನ ಹುಡುಗರನ್ನು ಸಿದ್ಧಪಡಿಸುತ್ತಿದ್ದನೋ, ಆ ಲೆಕ್ಕವನ್ನು ಯಾವ ಗುಮಾಸ್ತನೂ ಬರೆಯಲಿಲ್ಲ.

ಜುಲೈಯಲ್ಲಿ ಅದನ್ನು ಪಶ್ಚಿಮಕ್ಕೆ, ಸಾಂ ಲೋ ಪಟ್ಟಣದ ಕಡೆಗೆ ಅಮೆರಿಕನ್ನರ ಎದುರು ಸಾಗಿಸಿದರು. ಜುಲೈ ೧೧ರಂದು ಮಾಡಿದ ಪ್ರತಿದಾಳಿಯು ವಿಫಲವಾಗಿ ಇಪ್ಪತ್ತರಷ್ಟು ಟ್ಯಾಂಕುಗಳು ಹೋದುವು. ಅನಂತರ ಬಂದದ್ದು ಜುಲೈ ೨೫. ಬೈಯರ್‌ಲೈನನ ಜನರು ಹಿಡಿದಿದ್ದ, ಸುಮಾರು ನಾಲ್ಕು ಮೈಲಿ ಉದ್ದ, ಒಂದೂವರೆ ಮೈಲಿ ಅಗಲದ ನೆಲದ ಮೇಲೆ ಬೆಳಿಗ್ಗೆ ಅಮೆರಿಕದ ಸುಮಾರು ೧,೫೦೦ ಭಾರಿ ವಿಮಾನಗಳು ಅಲೆ ಅಲೆಯಾಗಿ ಬಂದು ಮೂರು ಸಾವಿರ ಟನ್ನಿಗೂ ಮಿಕ್ಕ ಬಾಂಬುಗಳನ್ನು ಸುರಿದುವು. ಟ್ಯಾಂಕುಗಳು ಬೆಂಕಿಪೆಟ್ಟಿಗೆಗಳಂತೆ ಮಗುಚಿ ಬಿದ್ದುವು. ಕಂದಕಗಳು ಒಳಗಿದ್ದವರ ಸಮೇತ ಮುಚ್ಚಿಹೋದುವು. ನಿಸ್ತಂತು ಯಂತ್ರಗಳು ಮೂಕವಾದುವು. ಮುಂದಿನ ಸಾಲಿನಲ್ಲಿದ್ದವರಲ್ಲಿ ನೂರಕ್ಕೆ ಎಪ್ಪತ್ತು ಮಂದಿ ಸತ್ತರು, ಗಾಯಗೊಂಡರು, ಇಲ್ಲವೆ ಬುದ್ಧಿಭ್ರಮಣೆಯಾಗಿ ಕುಳಿತರೆಂದು ನಾಯಕನು ಅಂದಾಜು ಮಾಡಿದನು. ಈ ಲೆಕ್ಕವನ್ನೂ ಸ್ವಲ್ಪ ಜಾಗರೂಕತೆಯಿಂದಲೇ ನಾವು ತೆಗೆದುಕೊಳ್ಳಬೇಕು. ಆದರೂ ಸ್ಥಳವನ್ನು ಬಿಡದೆ ಹಿಡಿದಿರಬೇಕೆಂದು ಮೇಲಿನಿಂದ ಆಜ್ಞೆ ಬಂದಾಗ, ತನ್ನವರಲ್ಲಿ ಒಬ್ಬನೂ ಸ್ಥಳ ಬಿಟ್ಟಿಲ್ಲ, ಬಿಡುವಂತೆಯೂ ಇಲ್ಲ, ಎಲ್ಲರೂ ಸತ್ತು ಬಿದ್ದಿದ್ದಾರೆ ಎಂದು ಆತನು ಉತ್ತರ ಕೊಟ್ಟನೆಂಬ ಕಥೆಯು ಎಲ್ಲ ಚರಿತ್ರೆಗಳಲ್ಲಿಯೂ ನಿಂತಿದೆ. ಒಂದು ವಾರದೊಳಗಾಗಿ ಅಮೆರಿಕನ್ನರು ಆ ಬಿರುಕಿನಿಂದ ನುಗ್ಗಿ ಅವ್ರಾಂಶನ್ನು ದಾಟಿದರು. ಫ್ರಾನ್ಸಿನ ಬಾಗಿಲು ತೆರೆಯಿತು.

ಅಂದು ಕೆಲವು ಬಾಂಬುಗಳು ಗುರಿ ತಪ್ಪಿ ಅಮೆರಿಕನ್ನರ ಮೇಲೆಯೇ ಬಿದ್ದು ೧೧೧ ಜನರನ್ನು ಕೊಂದುವು. ಅವರಲ್ಲಿ ಒಬ್ಬನು ಲೆಸ್ಲಿ ಮ್ಯಾಕ್‌ನೇರ್. ಅಮೆರಿಕದ ಭೂಸೈನ್ಯಕ್ಕೆಲ್ಲ ಶಿಕ್ಷಣ ಕೊಡುವ ಇಲಾಖೆಯ ಮುಖ್ಯಾಧಿಕಾರಿಯಾಗಿ, ಲಕ್ಷಗಟ್ಟಲೆ ರೈತರ, ಗುಮಾಸ್ತರ ಮಕ್ಕಳನ್ನು ಸಿಪಾಯಿಗಳನ್ನಾಗಿ ಮಾಡಿದವನು ಆತನೇ. ಜರ್ಮನರನ್ನು ಮೋಸಗೊಳಿಸುವುದಕ್ಕೆ ಕಲ್ಪಿಸಿದ ಇಲ್ಲದ ಸೈನ್ಯವೊಂದಕ್ಕೆ ಆಗ ಆತನನ್ನು ನಾಮಮಾತ್ರದ ಸೇನಾಪತಿಯನ್ನಾಗಿ ಮಾಡಿದ್ದರು. ತಾನು ಕಲಿಸಿದವರು ಹೇಗೆ ಕಾದುತ್ತಾರೆಂದು ನೋಡುವುದಕ್ಕೆ ಮುಂದಿನ ಸಾಲಿಗೆ ಬಂದಿದ್ದನು. ಎರಡು ಕಡೆಯ ಗುರುಗಳೂ ಒಂದೇ ಬೆಳಿಗ್ಗೆ, ಒಂದೇ ಬಾಂಬಿನ ಮಳೆಯಲ್ಲಿ ಬಿದ್ದರು. ಆದರೆ ಮ್ಯಾಕ್‌ನೇರನ ಪಾಠಶಾಲೆಗಳು ಅಮೆರಿಕದಲ್ಲಿ ಮರುದಿನವೂ ಎಂದಿನಂತೆ ಬಾಗಿಲು ತೆರೆದುವು.

ಜರ್ಮನಿಯ ಪಾಠಶಾಲೆಗಳ ಗತಿ ಬೇರೆ. ಅದೇ ವಸಂತದಲ್ಲಿ ಫ್ರಾನ್ಸಿನಲ್ಲಿದ್ದ ಮೂರು ಮೀಸಲು ಪಾಂಜರ್ ಡಿವಿಷನ್ನುಗಳನ್ನೂ ಕರಗಿಸಿ ರಣರಂಗದ ಡಿವಿಷನ್ನುಗಳಿಗೆ ಬೆರಸಿಬಿಟ್ಟಿದ್ದರು. ಅವು ಹೆಸರಿಗೆ ಡಿವಿಷನ್ನುಗಳಾದರೂ ಕೆಲಸದಲ್ಲಿ ತರಬೇತಿಯ ಪಡೆಗಳೇ. ಮೇ ೧೨ರಿಂದ ಅಮೆರಿಕದ ವಿಮಾನಗಳು ಕಲ್ಲಿದ್ದಲಿನಿಂದ ಪೆಟ್ರೋಲ್ ತೆಗೆಯುವ ಕಾರ್ಖಾನೆಗಳನ್ನು ಸುಡತೊಡಗಿದ್ದರಿಂದ ಕಲಿಯುವವರಿಗೆ ಎಣ್ಣೆ ಸಿಕ್ಕದಾಯಿತು. ಸೌದೆಯ ಹೊಗೆಯಿಂದ ಓಡುವಂತೆ ಮಾರ್ಪಡಿಸಿದ ಹಳೆಯ ಟ್ಯಾಂಕುಗಳಲ್ಲಿ ಹುಡುಗರು ಚಾಲನೆ ಕಲಿತರು. ವಿಚಿತ್ರವೇನೆಂದರೆ, ಜರ್ಮನಿಯಲ್ಲಿ ಅತಿ ಹೆಚ್ಚು ಟ್ಯಾಂಕುಗಳು ತಯಾರಾದ ವರುಷವೇ ೧೯೪೪. ಪ್ಯಾಂಥರುಗಳೇ ಸುಮಾರು ೩,೮೦೦. ಆ ಟ್ಯಾಂಕಿನ ಹಲ್ಲುಚಕ್ರಗಳು ಸೂಕ್ಷ್ಮವಾದುವು. ಪಳಗಿದ ಕೈಯಲ್ಲಿ ನೂರಾರು ಮೈಲಿ ಓಡುವ ಯಂತ್ರವು ಪಳಗದ ಕೈಯಲ್ಲಿ ದಾರಿಯಲ್ಲೇ ಮುರಿದು ನಿಲ್ಲುತ್ತಿತ್ತು.

ಸೆಪ್ಟೆಂಬರಿನಲ್ಲಿ ಪರೀಕ್ಷೆಯ ದಿನ ಬಂತು. ಹೊಸ ಪ್ಯಾಂಥರುಗಳಿಗೆ ಕೆಲವೇ ವಾರಗಳ ತರಬೇತಿಯಾದ ಹುಡುಗರನ್ನು ಸೇರಿಸಿ ‘ಪಾಂಜರ್ ಬ್ರಿಗೇಡು’ಗಳೆಂದು ಕಟ್ಟಿ, ಪೂರ್ವ ಫ್ರಾನ್ಸಿನ ಲೊರೇನಿಗೆ ಕಳುಹಿಸಿದರು. ಅಮರಕೋಶದ ಪತ್ತಿಯ ಲೆಕ್ಕವನ್ನು ಈಗ ಜರ್ಮನರೇ ಮರೆತಿದ್ದರು. ಈ ಬ್ರಿಗೇಡುಗಳಲ್ಲಿ ರಥವಿತ್ತು. ಜೊತೆಯಲ್ಲಿರಬೇಕಾದ ತೋಪು, ಮುಂದೆ ಹೋಗಿ ನೋಡಿಬರುವ ಪಡೆ, ದುರಸ್ತಿಯವರು ಇವೆಲ್ಲ ಇಲ್ಲವೇ ಇಲ್ಲ ಎನ್ನುವಷ್ಟು ಕಡಿಮೆ. ಸೆಪ್ಟೆಂಬರ್ ೧೩ರಂದು ದೋಂಪೇರ್ ಎಂಬ ಊರಿನ ತಗ್ಗಿನಲ್ಲಿ ರಾತ್ರಿ ತಂಗಿದ ೧೧೨ನೆಯ ಬ್ರಿಗೇಡಿನ ಮೇಲೆ ಲೆಕ್ಲೇರನ ಫ್ರೆಂಚ್ ಡಿವಿಷನ್ನೂ ಅಮೆರಿಕದ ವಿಮಾನಗಳೂ ಸುತ್ತಲ ದಿಣ್ಣೆಗಳಿಂದಲೂ ಮೇಲಿನಿಂದಲೂ ಎರಗಿ ಒಂದೇ ದಿನದಲ್ಲಿ ಅರ್ಧಕ್ಕಿಂತ ಹೆಚ್ಚು ಟ್ಯಾಂಕುಗಳನ್ನು ಮುರಿದುವು. ಆರು ದಿನಗಳ ಮೇಲೆ ಅರಾಕೂರಿನ ಬಳಿ ದಟ್ಟವಾದ ಮಂಜಿನಲ್ಲಿ ೧೧೩ನೆಯ ಬ್ರಿಗೇಡು ಅಮೆರಿಕದ ನಾಲ್ಕನೆಯ ಕವಚ ಡಿವಿಷನ್ನಿನ ಎದುರು ಬಂತು. ಮಂಜಿದ್ದುದರಿಂದ ಆ ಬೆಳಿಗ್ಗೆ ವಿಮಾನಗಳ ನೆಪವನ್ನು ಯಾರೂ ಹೇಳುವಂತಿರಲಿಲ್ಲ. ಪ್ಯಾಂಥರಿನ ತೋಪು ಅಮೆರಿಕದ ಶರ್ಮನ್ ಟ್ಯಾಂಕಿನ ತೋಪಿಗಿಂತ ಮಿಗಿಲು, ಅದರ ಮುಂಭಾಗದ ಕವಚವೂ ಮಿಗಿಲು. ಆದರೂ ಶರ್ಮನ್ನಿನವರು ನೆಲವನ್ನು ಬಲ್ಲವರಾಗಿ, ಪಕ್ಕಕ್ಕೆ ಸರಿದು, ಮೊದಲು ನೋಡಿ, ಮೊದಲು ಹೊಡೆದು ಡಜನುಗಟ್ಟಲೆ ಟ್ಯಾಂಕುಗಳನ್ನು ಸುಟ್ಟರು. ನಾಲ್ಕು ವರುಷಗಳ ಹಿಂದೆ ಸೆಡಾನಿನಲ್ಲಿ ಜರ್ಮನರು ಫ್ರೆಂಚರಿಗೆ ಕಲಿಸಿದ ಪಾಠವೇ ಅದು; ಅದನ್ನು ಹೇಳಿಕೊಡಬಲ್ಲವರು ತಿಲ್ಲಿಯ ಓಣಿಗಳಲ್ಲಿಯೂ ಸಾಂ ಲೋ ರಸ್ತೆಯ ಬದಿಯಲ್ಲಿಯೂ ಮಣ್ಣಾಗಿದ್ದರು.

ಉಳಿದ ಕಥೆ ಚಿಕ್ಕದು. ಬೋಧಕರ ಡಿವಿಷನ್ನನ್ನು ಮತ್ತೆ ಕಟ್ಟಿದರು. ಹೆಸರು ಅದೇ, ಜನ ಬೇರೆ. ಡಿಸೆಂಬರ್ ೧೬ರಂದು ಆರಂಭವಾದ ಆರ್ಡೆನ್ಸ್ ದಾಳಿಯಲ್ಲಿ ಬಾಸ್ಟೋನ್ ಪಟ್ಟಣವನ್ನು ಮೊದಲು ಮುಟ್ಟುವ ಅವಕಾಶ ಅದಕ್ಕೇ ಇತ್ತು. ೧೮ರ ರಾತ್ರಿ ಕೆಸರಿನ ಅಡ್ಡದಾರಿ ಹಿಡಿದು ಮಾಜೆರೆ ಎಂಬ ಹಳ್ಳಿಗೆ ಬಂದಾಗ, ಅಮೆರಿಕದ ದೊಡ್ಡ ಟ್ಯಾಂಕುಪಡೆಯೊಂದು ಈಗ ತಾನೇ ಈ ದಾರಿಯಲ್ಲಿ ಹೋಯಿತೆಂದು ಹಳ್ಳಿಗನೊಬ್ಬನು ಹೇಳಿದನು. ಆಫ್ರಿಕದಲ್ಲಿ ರೊಮ್ಮೆಲನೊಂದಿಗೆ ಓಡಿದವನು ಅಂದು ಹಿಂಜರಿದು ನಿಂತನು. ಬೆಳಗಾಗುವುದರೊಳಗೆ ಅಮೆರಿಕದ ಪ್ಯಾರಾಚ್ಯೂಟು ಪಡೆಯವರು ಪಟ್ಟಣದ ಮುಂದೆ ಬಂದು ನಿಂತಿದ್ದರು. ಬಾಸ್ಟೋನ್ ಕಡೆಯವರೆಗೂ ಜರ್ಮನರಿಗೆ ಸಿಕ್ಕಲಿಲ್ಲ. ಮಾರ್ಚಿಯಲ್ಲಿ ರೆಮಾಗೆನ್ ಸೇತುವೆಯ ಬಳಿ ಕಾದಿ, ಏಪ್ರಿಲ್ ಮಧ್ಯದಲ್ಲಿ ರೂರ್ ಪ್ರಾಂತದಲ್ಲಿ ಸುತ್ತುವರಿಯಲ್ಪಟ್ಟ ಮೂರು ಲಕ್ಷಕ್ಕೂ ಮಿಕ್ಕ ಜನರೊಡನೆ ಆ ಡಿವಿಷನ್ ಆಯುಧವನ್ನು ಕೆಳಗಿಟ್ಟಿತು. ಬೇರೆ ದಂಡಿನ ನಾಯಕನಾಗಿದ್ದ ಬೈಯರ್‌ಲೈನನೂ ಅಲ್ಲಿಯೇ ಸೆರೆಸಿಕ್ಕಿದನು.

ಸೆರೆಯಲ್ಲಿ ಅಮೆರಿಕದ ಸೈನ್ಯದ ಇತಿಹಾಸ ವಿಭಾಗದವರು ಆತನನ್ನು ಎದುರಿಗೆ ಕೂರಿಸಿಕೊಂಡು, ನಿಮ್ಮ ಡಿವಿಷನ್ನನ್ನು ಹೇಗೆ ಕಟ್ಟಿದಿರಿ, ಬಾಂಬು ಬಿದ್ದ ದಿನ ಏನಾಯಿತು, ಟ್ಯಾಂಕುಗಳನ್ನು ಹೇಗೆ ನಡೆಸಬೇಕು ಎಂದು ಒಂದೊಂದಾಗಿ ಕೇಳಿ ಬರೆದುಕೊಂಡರು. ಆತನು ಬೇಸರವಿಲ್ಲದೆ ಎಲ್ಲವನ್ನೂ ಹೇಳಿದನು. ಬಿಡುಗಡೆಯಾದ ಮೇಲೆ ರೊಮ್ಮೆಲನ ಯುದ್ಧಪತ್ರಗಳನ್ನು ಆಂಗ್ಲ ವಿದ್ವಾಂಸನಾದ ಲಿಡ್ಡಲ್ ಹಾರ್ಟನು ೧೯೫೩ರಲ್ಲಿ ಪ್ರಕಟಿಸಿದಾಗ ಅದಕ್ಕೂ ನೆರವಾದನು. ೧೯೭೦ರಲ್ಲಿ ಹುಟ್ಟೂರಾದ ವ್ಯೂರ್ಟ್ಸ್‌ಬುರ್ಗಿನಲ್ಲಿ ತೀರಿಕೊಂಡನು.